ಮೆಕ್ನೆಸ್‌ನ ಹಳೇ ಮನೆ ಮತ್ತು ಲಾಲ್ಲಾ ಐಶಾಳ ಹರಕೆ

ಸೋಮವಾರ, ಎಲ್ ಜದೀದಾ

ಕಾಸಾಬ್ಲಾಂಕಾದಿಂದ ಸುಮಾರು 100 ಕಿಲೋಮೀಟರ್ ಕೆಳಗೆ, ಅಟ್ಲಾಂಟಿಕ್ ದಂಡೆಯಲ್ಲಿ ಎಲ್ ಜದೀದಾ ಇದೆ. ಮೊರಾಕ್ಕೊಗೆ ಬಂದವರು ಮೊದಲು ಇಲ್ಲಿಗೆ ಬರುವುದು ಕಡಿಮೆ. ನಾನು ಬಂದಿದ್ದು ಐಶಾ ಕಂದೀಶಾಳ ಕಥೆ ಹುಡುಕಿಕೊಂಡು. ಉತ್ತರ ಆಫ್ರಿಕಾದ ಜಿನ್ನುಗಳಲ್ಲಿ ಅವಳಷ್ಟು ಹೆಸರಾದವಳು ಇನ್ನೊಬ್ಬಳಿಲ್ಲ.

ಊರಿನ ಹಳೇ ಭಾಗ ಪೋರ್ಚುಗೀಸರು ಕಟ್ಟಿದ ಕೋಟೆ. ಅವರು ಇದನ್ನು ಮಜಗಾಂವ್ ಅನ್ನುತ್ತಿದ್ದರು. 16ನೇ ಶತಮಾನದ ಶುರುವಿನಲ್ಲಿ ಬಂದು ಕೂತವರು 1769ರಲ್ಲಿ ಖಾಲಿ ಮಾಡಿದರು. 2004ರಲ್ಲಿ ಇದು ಯುನೆಸ್ಕೊ ಪಟ್ಟಿಗೆ ಸೇರಿತು. ಕೋಟೆ ಗೋಡೆ ಮೇಲೆ ಗಾಳ ಹಾಕಿ ಕೂತಿದ್ದ ಮುದುಕರೊಬ್ಬರನ್ನು ನನಗೆ ಬರುವ ಅಷ್ಟಿಷ್ಟು ಫ್ರೆಂಚ್‌ನಲ್ಲಿ ಮಾತಾಡಿಸಿದೆ. ಅವರು ಹೇಳಿದ್ದು ಇಲ್ಲಿ ಎಲ್ಲರ ಬಾಯಲ್ಲಿರುವ ಕಥೆಯೇ. ಐಶಾ ದೊಡ್ಡ ಮನೆತನದ ಹೆಣ್ಣು. ಅವಳ ಮನೆಯವರನ್ನು ಪೋರ್ಚುಗೀಸರು ಕೊಂದರು. ಆಮೇಲೆ ಅವಳು ರಾತ್ರಿ ಹೊತ್ತು ಸೈನಿಕರನ್ನು ಮೋಹಿಸಿ ಜೌಗು ನೆಲದ ಕಡೆ ಕರೆದೊಯ್ಯುತ್ತಿದ್ದಳು. ಹೋದವರು ವಾಪಸ್ ಬರುತ್ತಿರಲಿಲ್ಲ.

ಊರೂರಿಗೆ ಅವಳ ರೂಪ ಬೇರೆ. ಆದರೆ ಎರಡು ವಿಷಯ ಎಲ್ಲ ಕಡೆ ಒಂದೇ. ಅವಳಿರುವುದು ನೀರಿನ ಹತ್ತಿರ: ಹೊಳೆ, ಬಾವಿ, ಬುಗ್ಗೆ, ಕೊನೆಗೆ ಮನೆ ಮೋರಿಯಲ್ಲೂ. ಎಷ್ಟೇ ಚೆಂದ ಕಂಡರೂ ಲಂಗದ ಕೆಳಗೆ ಕಾಲಿರುವುದಿಲ್ಲ, ಒಂಟೆಯದೋ ಮೇಕೆಯದೋ ಗೊರಸಿರುತ್ತದೆ. ಎದುರಾದರೆ ನೆಲಕ್ಕೆ ಚಾಕು ಚುಚ್ಚಬೇಕಂತೆ. ಜಿನ್ನುಗಳಿಗೆ ಕಬ್ಬಿಣ ಆಗುವುದಿಲ್ಲ. ಮುದುಕರು ಇದನ್ನು ಹೇಳುವಾಗ ಗಾಳದ ಪೆಟ್ಟಿಗೆಯಲ್ಲಿದ್ದ ಚೂರಿಯನ್ನು ಸುಮ್ನೆ ಒಮ್ಮೆ ಮುಟ್ಟಿ ನೋಡಿಕೊಂಡರು.

ಮಂಗಳವಾರ, ಮೆಕ್ನೆಸ್

ದಿನವೆಲ್ಲ ರೈಲು. ರಬಾತ್ ದಾಟಿದ ಮೇಲೆ ಆಲಿವ್ ತೋಟಗಳು. ನವೆಂಬರ್ ಆದ್ದರಿಂದ ಮರಗಳ ಕೆಳಗೆ ಬಲೆ ಹಾಸಿ, ಕೋಲಿನಲ್ಲಿ ಬಡಿದು ಕಾಯಿ ಉದುರಿಸುತ್ತಿದ್ದರು.

ಮೆಕ್ನೆಸ್ ಅನ್ನು ರಾಜಧಾನಿ ಮಾಡಿಕೊಂಡವನು ಸುಲ್ತಾನ ಮೌಲಾಯ್ ಇಸ್ಮಾಯಿಲ್. 1672ರಿಂದ 1727ರವರೆಗೆ ಆಳಿದವನು. ಊರ ತುಂಬ ಅವನ ಗೋಡೆಗಳೇ. ನಾನು ಉಳಿದುಕೊಂಡಿದ್ದು ಹಳೇ ಊರಿನ ಗಲ್ಲಿಯೊಂದರ ಮನೆಯಲ್ಲಿ. ನಡುವೆ ಅಂಗಳ, ಸುತ್ತ ರೂಮುಗಳು. ಮನೆಯೊಡತಿ ಇಂಗ್ಲಿಷ್ ಟೀಚರ್ ಆಗಿದ್ದವರು. ಈಗ ಎರಡು ರೂಮು ಬಾಡಿಗೆಗೆ ಕೊಡುತ್ತಾರೆ. ಇಲ್ಲಿ ದೊಡ್ಡ ಹೆಂಗಸರನ್ನು ಖಾಲ್ತಿ ಅಂತ ಕರೆಯುತ್ತಾರೆ, ಅಮ್ಮನ ತಂಗಿಯನ್ನು ಕರೆದ ಹಾಗೆ. ನಾನೂ ಹಾಗೇ ಕರೆದೆ. ಅವರು ನನಗೆ ಮಗಳೇ ಅಂದರು.

ಅಂಗಳದ ಮೂಲೆಯಲ್ಲಿ ಒಂದು ಮೋರಿ. ಮೇಲೆ ಕಬ್ಬಿಣದ ಜಾಲರಿ. ಸುತ್ತಲಿನ ಹಸಿರು-ಬಿಳಿ ಜೆಲ್ಲಿಜ್ ಹೆಂಚಿನ ಮೇಲೆ ಕರಗಿ ಗಟ್ಟಿಯಾದ ಮೇಣ, ಹಾಲು ಒಣಗಿದ ಗುರುತು. ಒಂದು ಸಣ್ಣ ಮಣ್ಣಿನ ಬಟ್ಟಲಲ್ಲಿ ಕಪ್ಪು ಲೋಬಾನದ ಚೂರು. ಜಾಲರಿಯ ಸಂದಿಯಲ್ಲಿ ಜೇಡ ಬಲೆ ಕಟ್ಟಿತ್ತು. ನೀರು ಹರಿದು ಎಷ್ಟೋ ವರ್ಷ ಆಗಿರಬೇಕು.

ರಾತ್ರಿ ಎರಡು ಗಂಟೆಗೆ ಬಾಯಾರಿ ಎದ್ದೆ. ಖಾಲ್ತಿ ಅಂಗಳದಲ್ಲಿ ಶಾಲು ಹೊದ್ದು ಕೂತಿದ್ದರು.

"ಕೇಳಿಸ್ತಾ?" ಅಂದರು.

ನನಗೆ ಏನೂ ಕೇಳಿಸಲಿಲ್ಲ.

"ಸರಿ, ಮಲಗು ಮಗಳೇ. ಅದು ನಮ್ಮ ಮನೆಯವರಿಗೆ ಮಾತ್ರ."

ಬುಧವಾರ, ಮೆಕ್ನೆಸ್

ಬೆಳಿಗ್ಗೆ ರೊಟ್ಟಿ, ಆಲಿವ್ ಎಣ್ಣೆ, ಪುದೀನ ಚಹಾ. ನಾನು ಕೇಳಲಿಲ್ಲ, ಅವರೇ ಶುರು ಮಾಡಿದರು.

1980ರ ಚಳಿಗಾಲ. ಖಾಲ್ತಿಗೆ ಆಗ ಹನ್ನೊಂದು. ಮನೆಯಲ್ಲಿ ಕೆಲಸಕ್ಕೆ ಅವರಿಗಿಂತ ಚಿಕ್ಕವಳೊಬ್ಬಳು ಹುಡುಗಿ ಇದ್ದಳು. ಅಟ್ಲಾಸ್ ಬೆಟ್ಟದ ಹಳ್ಳಿಯವಳು. ಸಂಸಾರ್ ಅಂದರೆ ದಲ್ಲಾಳಿ. ಅವನೊಬ್ಬ ಕರೆತಂದು ಬಿಟ್ಟು ಹೋಗಿದ್ದ. ಸಂಬಳ ತಿಂಗಳಿಗೊಮ್ಮೆ ಅವಳ ಅಪ್ಪನ ಕೈಗೆ. ಆಗ ಮೊರಾಕ್ಕೊದ ಪಟ್ಟಣಗಳಲ್ಲಿ ಇಂಥ ಹುಡುಗಿಯರು ಬಹಳ ಮನೆಗಳಲ್ಲಿ ಇದ್ದರು.

ಒಂದು ಸಂಜೆ, ಮಗ್ರಿಬ್ ನಮಾಜಿನ ಹೊತ್ತು. ಬಟ್ಟೆ ಒಗೆಯಲು ಕಾಯಿಸಿದ್ದ ನೀರು ಮಿಕ್ಕಿತ್ತು. ಹುಡುಗಿ ಅದನ್ನು ಕುದಿಯುತ್ತಿದ್ದ ಹಾಗೇ ಮೋರಿಗೆ ಸುರಿದಳು. ಅರ್ಧ ಅವಳ ಎಡಗೈ ಮೇಲೇ ಬಿತ್ತು. ಕೈ ಬೆಂದು ಹೋಯಿತು.

ಮೋರಿಗೆ ಬಿಸಿ ನೀರು ಹಾಕುವ ಮೊದಲು ಬಿಸ್ಮಿಲ್ಲಾ, ಅಂದರೆ ದೇವರ ಹೆಸರಿನಲ್ಲಿ, ಅನ್ನಬೇಕು. ಇದು ಈ ದೇಶದ ಪ್ರತಿ ಮಗುವಿಗೂ ಗೊತ್ತು. ಕೆಳಗೆ "ಆ ಜನ" ಇರುತ್ತಾರೆ, ಅವರ ಮಕ್ಕಳಿರುತ್ತಾರೆ. ಹೇಳಿ ಹಾಕಿದರೆ ಸರಿದುಕೊಳ್ಳುತ್ತಾರೆ. ಹೇಳದೆ ಸುರಿದರೆ ಸುಟ್ಟುಕೊಳ್ಳುತ್ತಾರೆ, ಹೊಡೆಯುತ್ತಾರೆ. ಜಿನ್ನು ಅನ್ನುವ ಮಾತನ್ನು ಖಾಲ್ತಿ ಒಂದು ಸಲವೂ ಬಾಯಿಂದ ತೆಗೆಯಲಿಲ್ಲ. ನಮ್ಮಲ್ಲಿ ಕತ್ತಲಾದ ಮೇಲೆ ಹಾವಿಗೆ ಹುಳ ಅನ್ನುತ್ತಾರಲ್ಲ, ಹಾಗೆ.

"ಅವಳು ಬಿಸ್ಮಿಲ್ಲಾ ಅನ್ನಲಿಲ್ಲ," ಅಂದರು ಖಾಲ್ತಿ. "ಅದಕ್ಕೇ ಮೊದಲು ಅವಳಿಗೇ ಹೊಡೆತ ಬಿತ್ತು ಅಂತ ಅಮ್ಮ ಅಂದರು. ಮನೆಗೆ ಇನ್ನೂ ಕೆಟ್ಟದ್ದಾಗುತ್ತೆ ಅಂತ ಭಯ. ಮೂರನೇ ದಿನ ಬಸ್ಸಿಗೆ ಹಾಕಿ ಊರಿಗೆ ಕಳಿಸಿದರು. ಕೈಗೆ ಬಟ್ಟೆ ಸುತ್ತಿತ್ತು."

ಒಂದು ವರ್ಷಕ್ಕೆ ಖಾಲ್ತಿಯ ಅಣ್ಣನ ಎಡಗೈ ಬಿಗಿಯಿತು. ಹದಿನೈದರ ಹುಡುಗ, ಬೆಳಿಗ್ಗೆ ಏಳುವಾಗ ಬೆರಳು ಮಡಚಿಕೊಂಡಿದ್ದವು, ಬಿಚ್ಚಲಾಗಲಿಲ್ಲ. ರಬಾತ್‌ನ ದೊಡ್ಡ ಆಸ್ಪತ್ರೆಯಲ್ಲಿ ನರ ಸರಿಯಿದೆ ಅಂದರು. ಶಕುನ ಹೇಳುವ ಶುವ್ವಾಫಾ ಕರಗಿದ ಸೀಸವನ್ನು ನೀರಿಗೆ ಹಾಕಿ ನೋಡಿ, ಲಾಲ್ಲಾ ಐಶಾ ಹಿಡಿದಿದ್ದಾಳೆ ಅಂದಳು. ಐಶಾ ಕಂದೀಶಾಳನ್ನೇ ಗೌರವದಿಂದ ಹಾಗೆ ಕರೆಯುತ್ತಾರೆ. ಅವತ್ತಿನಿಂದ ಈ ಮನೆ ಸಿದಿ ಅಲಿ ಅನ್ನುವ ಸಂತನ ಗೋರಿಗೆ ಹೋಗಿ ಹರಕೆ ಸಲ್ಲಿಸುತ್ತಾ ಬಂದಿದೆ. ಮೋರಿಯನ್ನು ಮುಚ್ಚಲಿಲ್ಲ, ನೀರು ಬಿಡುವುದನ್ನು ನಿಲ್ಲಿಸಿದರು. ಆದರೂ ರಾತ್ರಿ ಅಲ್ಲಿ ನೀರು ಸುರಿಯುವ ಸದ್ದು. ಅಮ್ಮನಿಗೆ ಸಾಯುವವರೆಗೂ ಕೇಳುತ್ತಿತ್ತು. ಈಗ ಇವರಿಗೆ.

"ಆ ಹುಡುಗಿ ಏನಾದಳು ಖಾಲ್ತಿ?"

ಚಹಾದ ಲೋಟ ತೊಳೆಯಲು ಎದ್ದು ಹೋದರು.

ಗುರುವಾರ, ಸಿದಿ ಅಲಿ

ಜೆರ್ಹೂನ್ ಬೆಟ್ಟದ ತಪ್ಪಲು, ಮೆಕ್ನೆಸ್‌ನಿಂದ ಟ್ಯಾಕ್ಸಿಯಲ್ಲಿ ಹತ್ತಿರವೇ. ಇಲ್ಲಿ ಸಿದಿ ಅಲಿ ಬೆನ್ ಹಮ್ದೂಶ್ ಅನ್ನುವ ಸಂತನ ಗೋರಿ ಇದೆ. ಮೌಲಾಯ್ ಇಸ್ಮಾಯಿಲ್ ಕಾಲದವರು. ಅವರ ಹಿಂದೆ ಬಂದ ಪಂಥವೇ ಹಮದ್ಶಾ. ಅವರ ಶಿಷ್ಯ ಸಿದಿ ಅಹ್ಮದ್ ದಗೂಗಿಯ ಗೋರಿ ಪಕ್ಕದ ಬೆನಿ ಉರಾದ್ ಹಳ್ಳಿಯಲ್ಲಿದೆ.

ಐಶಾ ಇಲ್ಲಿಗೆ ಬಂದ ಕಥೆ ಎಲ್ ಜದೀದಾದ್ದಕ್ಕಿಂತ ಪೂರ್ತಿ ಬೇರೆ. ಗುರು ಶಿಷ್ಯನನ್ನು ಸುಡಾನ್ ರಾಜನ ಹತ್ತಿರ ಕಳಿಸುತ್ತಾರೆ. ಅವನು ಅಲ್ಲಿಂದ ಕೊಳಲು, ಡೋಲು, ಜೊತೆಗೆ ಐಶಾಳನ್ನು ತರುತ್ತಾನೆ. ವಾಪಸ್ ಬರುವ ಹೊತ್ತಿಗೆ ಗುರು ತೀರಿಕೊಂಡಿದ್ದಾರೆ. ಕೊನೇ ಗಳಿಗೆಯಲ್ಲಿ ಹತ್ತಿರ ಇರಲಿಲ್ಲವಲ್ಲ ಅಂತ ಶಿಷ್ಯ ತನ್ನ ತಲೆಯನ್ನೇ ಕೊಚ್ಚಿಕೊಳ್ಳುತ್ತಾನೆ. ಐಶಾ ಅಲ್ಲೇ ನೆಲದೊಳಗೆ ಮಾಯವಾಗುತ್ತಾಳೆ. ಹಮದ್ಶಾಗಳು ಕುಣಿತದ ಆವೇಶದಲ್ಲಿ ಕೊಡಲಿಯಿಂದ ತಲೆ ಗೀರಿಕೊಳ್ಳುತ್ತಿದ್ದುದು ಈ ನೆನಪಿಗೆ. ಈಗ ಅದು ಬಹಳ ಕಡಿಮೆ. ನನ್ನನ್ನು ಹಿಡಿದಿದ್ದು ರಕ್ತದ ವಿವರ ಅಲ್ಲ. ಈ ಜಾಗದ ಹುಟ್ಟೇ ತಡವಾಗಿ ಬಂದವನ ಸಂಕಟದಲ್ಲಿದೆ.

ಮೆಟ್ಟಿಲುದ್ದಕ್ಕೂ ಅಂಗಡಿ. ಮೇಣದಬತ್ತಿ, ಮದರಂಗಿ, ಗುಲಾಬಿ ನೀರು, ಲೋಬಾನ, ಬುಟ್ಟಿಯಲ್ಲಿ ಕಾಲು ಕಟ್ಟಿದ ಕಪ್ಪು ಕೋಳಿಗಳು. ಪ್ರವಾದಿಯ ಹುಟ್ಟುಹಬ್ಬವಾದ ಮೌಲಿದ್ ಆದ ಮೇಲಿನ ಜಾತ್ರೆಯಲ್ಲಿ ಇಲ್ಲಿ ಕಾಲಿಡಲು ಜಾಗ ಇರುವುದಿಲ್ಲವಂತೆ. ಇವತ್ತು ಜನ ಕಡಿಮೆ. ಗೋರಿಯ ಒಳಗೆ ಮುಸ್ಲಿಮರಲ್ಲದವರು ಹೋಗುವ ಹಾಗಿಲ್ಲ, ನಾನು ಹೊರಗೇ ನಿಂತೆ. ಐಶಾಳ ಗವಿ ಸ್ವಲ್ಪ ಕೆಳಗೆ, ಅಂಜೂರದ ಮರದ ಹತ್ತಿರ. ಕೆಲವು ಮೆಟ್ಟಿಲ ಮೇಲಿಂದಲೇ ನೋಡಿದೆ. ಬಂಡೆಯೆಲ್ಲ ಹೊಗೆ ಹಿಡಿದು ಕಪ್ಪು. ಅದರ ಮೇಲೆ ಹೆಂಗಸರು ಅಂಗೈಯಿಂದ ಮೆತ್ತಿದ ಮದರಂಗಿ.

ಖಾಲ್ತಿ ಕಪ್ಪು ಶಾಲು ಹೊದ್ದು ಬಂದಿದ್ದರು. ಕಪ್ಪು ಅವಳ ಬಣ್ಣ. ಇಲ್ಲಿ ಪ್ರತಿಯೊಬ್ಬ ಜಿನ್ನಿಗೂ ತನ್ನ ಬಣ್ಣ, ತನ್ನ ಧೂಪ, ತನ್ನ ರಾಗ ಇದೆ. ಲಾಲ್ಲಾ ಮೀರಾಳಿಗೆ ಹಳದಿ, ಕಸಾಯಿಖಾನೆಯಲ್ಲಿರುವ ಸಿದಿ ಹಮ್ಮುಗೆ ಕೆಂಪು. ಗ್ನಾವಾ ಅನ್ನುವ ಸಂಗೀತಗಾರ ಪಂಥದವರ ರಾತ್ರಿ ಪೂಜೆಯಲ್ಲಿ ಐಶಾಳ ರಾಗ ಬಂದಾಗ ದೀಪ ಆರಿಸುತ್ತಾರೆ. ಮುಖ್ಯ ವಿಷಯ ಇದು: ಅವಳನ್ನು ಯಾರೂ ಓಡಿಸಲು ನೋಡುವುದಿಲ್ಲ. ಹಿಡಿದವಳು ಬಿಡುವವಳಲ್ಲ, ಆದ್ದರಿಂದ ಒಪ್ಪಂದ ಮಾಡಿಕೊಳ್ಳುತ್ತಾರೆ. ಅವಳು ಕೇಳಿದ ಬಣ್ಣ ಉಡಬೇಕು, ಕೇಳಿದ ಧೂಪ ಹಾಕಬೇಕು, ವರ್ಷಕ್ಕೊಮ್ಮೆ ಬಂದು ಮುಖ ತೋರಿಸಬೇಕು. ತಪ್ಪಿಸಿದರೆ ಮತ್ತೆ ಹೊಡೆಯುತ್ತಾಳೆ.

ಕೋಳಿ ಕೊಟ್ಟಾಯಿತು. ಕಾಣಿಕೆ ಸಂತನ ವಂಶದವರಿಗೆ. ಖಾಲ್ತಿ ಮೆಟ್ಟಿಲು ಹತ್ತಿ ಬರುವಾಗ ಒಂದು ಸಣ್ಣ ನೋಟ್‌ಬುಕ್ ತೆಗೆದು ಖರ್ಚು ಬರೆದುಕೊಂಡರು. ಅಮ್ಮನ ಕಾಲದಿಂದ ಬಂದ ರೂಢಿಯಂತೆ. ಯಾವ ವರ್ಷ ಯಾವ ಕೋಳಿ, ಎಷ್ಟು ಮೇಣ, ಎಲ್ಲ ಅದರಲ್ಲಿದೆ. ಹುಡುಗಿಯ ಕೊನೇ ತಿಂಗಳುಗಳ ಸಂಬಳ ಅವಳ ಅಪ್ಪನಿಗೆ ತಲುಪಿತ್ತಾ ಅಂತ ಕೇಳಿದೆ. ಕೇಳಬಾರದಿತ್ತು ಅಂತ ನನಗೆ ಅನ್ನಿಸುವುದಿಲ್ಲ. ಖಾಲ್ತಿ ತುಂಬ ಹೊತ್ತು ನೋಟ್‌ಬುಕ್ ನೋಡಿದರು. "ಅದು ಇದರಲ್ಲಿಲ್ಲ" ಅಂದರು.

ಶುಕ್ರವಾರ, ಮೆಕ್ನೆಸ್

ಶುಕ್ರವಾರ ಅಂದರೆ ಮಧ್ಯಾಹ್ನ ಕುಸ್‌ಕುಸ್. ನಮಾಜು ಮುಗಿಸಿ ಖಾಲ್ತಿಯ ಅಣ್ಣ ಊಟಕ್ಕೆ ಬಂದರು. ಬಡಗಿ ಕೆಲಸದವರ ಹತ್ತಿರ ಲೆಕ್ಕ ಬರೆಯುತ್ತಾರೆ. ಎಡಗೈ ಜಲಾಬಾ ನಿಲುವಂಗಿಯ ಜೇಬಿನಲ್ಲೇ ಇತ್ತು. ಒಂದೇ ದೊಡ್ಡ ತಟ್ಟೆಯಲ್ಲಿ ಎಲ್ಲರೂ ಉಂಡೆವು. ಕುಂಬಳಕಾಯಿ ಹೋಳು, ಕಡಲೆಕಾಳುಗಳನ್ನು ಅವರು ಬಲಗೈಯಿಂದ ನನ್ನ ಕಡೆ ತಳ್ಳುತ್ತಿದ್ದರು. ಅವರಿಗೆ ಇಂಗ್ಲಿಷ್ ಬಾರದು, ಖಾಲ್ತಿ ಅನುವಾದ ಮಾಡುತ್ತಿದ್ದರು.

ಮಾತು ಬುಯಾ ಒಮರ್ ಕಡೆ ತಿರುಗಿತು. ಮರಾಕೇಶ್ ಆಚೆ ಕಲಾ ಸ್ರಾಗ್ನಾ ಕಡೆಯ ಗೋರಿ ಅದು. ಮೈಮೇಲೆ ಜಿನ್ನು ಬಂದಿದೆ ಅಂತ ಮನೆಯವರು ಕರೆತಂದ ನೂರಾರು ರೋಗಿಗಳನ್ನು ಅಲ್ಲಿ ಸರಪಳಿ ಹಾಕಿ ಇಟ್ಟಿರುತ್ತಿದ್ದರು. 2015ರ ಜೂನ್‌ನಲ್ಲಿ ಸರ್ಕಾರ ಅದನ್ನು ಮುಚ್ಚಿಸಿ ಎಲ್ಲರನ್ನೂ ಆಸ್ಪತ್ರೆಗಳಿಗೆ ಸಾಗಿಸಿತು. ಅಣ್ಣನನ್ನೂ ಅಲ್ಲಿ ಬಿಟ್ಟು ಬರಲು ಅಪ್ಪ ಒಮ್ಮೆ ಹೊರಟಿದ್ದರಂತೆ, ಅಮ್ಮ ಬಾಗಿಲಿಗೆ ಅಡ್ಡ ನಿಂತರು. ಮುಚ್ಚಿದ ಸುದ್ದಿ ಟಿವಿಯಲ್ಲಿ ಬಂದಾಗ ಅಮ್ಮ, "ಅಷ್ಟಾದರೂ ನಾನು ಒಳ್ಳೇದು ಮಾಡಿದೆ" ಅಂದರಂತೆ. 2018ರಲ್ಲಿ ಮನೆಗೆಲಸದವರ ಕಾನೂನು ಜಾರಿಗೆ ಬಂತು. ಹದಿನಾರಕ್ಕಿಂತ ಕಡಿಮೆ ವಯಸ್ಸಿನ ಯಾರನ್ನೂ ಇಟ್ಟುಕೊಳ್ಳುವ ಹಾಗಿರಲಿಲ್ಲ, 2023ರಿಂದ ಅದು ಹದಿನೆಂಟು. ಅದೂ ಟಿವಿಯಲ್ಲಿ ಬಂತು. ಆಗ ಅಮ್ಮ, "ಆ ಹುಡುಗಿಗೆ ಎಷ್ಟು ವಯಸ್ಸಿತ್ತು?" ಅಂದರು. ಯಾರೂ ಉತ್ತರ ಕೊಡಲಿಲ್ಲ.

ಅಣ್ಣ ತಟ್ಟೆಯಿಂದ ಕೈ ತೆಗೆದರು. ತಂಗಿಯ ಕಡೆ ನೋಡದೆ ನನ್ನ ಕಡೆ ತಿರುಗಿ ಏನೋ ಹೇಳಿದರು. ಚಿಕ್ಕ ಎರಡು ಮೂರು ಮಾತು.

ಖಾಲ್ತಿ ಅನುವಾದ ಮಾಡಲಿಲ್ಲ.

ಅವರು ಮತ್ತೆ ಹೇಳಿದರು. ಬಿಸ್ಮಿಲ್ಲಾ ಅನ್ನುವುದೊಂದು ನನಗೆ ತಿಳಿಯಿತು. ಖಾಲ್ತಿಯ ಮುಖದ ಬಣ್ಣವೇ ಹೋಗಿತ್ತು. ಆಮೇಲೆ ಒಂದೊಂದೇ ಮಾತು ಇಂಗ್ಲಿಷ್‌ನಲ್ಲಿ ಹೇಳಿದರು, ಕ್ಲಾಸಿನಲ್ಲಿ ಡಿಕ್ಟೇಶನ್ ಕೊಡುವವರ ದನಿಯಲ್ಲಿ.

"ಅವಳು ಬಿಸ್ಮಿಲ್ಲಾ ಅಂದಿದ್ದಳು ಅಂತ ಹೇಳ್ತಿದ್ದಾನೆ. ಇವನು ಹಿಂದೆ ನಿಂತಿದ್ದ, ಕೇಳಿಸಿಕೊಂಡ. ಹೆದರಿಸೋಣ ಅಂತ ಅವಳನ್ನು ತಳ್ಳಿದ. ನೀರು ಅವಳ ಮೇಲೆ ಬಿತ್ತು."

ಮನೆಯಲ್ಲಿ ಯಾರಿಗೂ ಹೇಳಿರಲಿಲ್ಲ. ಮೊದಲು ಅಮ್ಮನ ಭಯ. ಆಮೇಲೆ ಕೈ ಬಿಗಿದ ಮೇಲೆ, ಹೇಳಿದರೆ ಅಮ್ಮನ ಸಖ್ತ್ ತಟ್ಟೀತು ಅನ್ನುವ ಭಯ. ಸಖ್ತ್ ಅಂದರೆ ಹೆತ್ತವರ ಶಾಪ. ಇಲ್ಲಿ ಜಿನ್ನಿಗಿಂತ ಜಾಸ್ತಿ ಹೆದರುವುದು ಅದಕ್ಕೆ. ಜಿನ್ನಿಗೆ ಕೋಳಿ ಕೊಟ್ಟು ಒಪ್ಪಿಸಬಹುದು, ಹೆತ್ತವರು ಮುನಿದು ಸತ್ತರೆ ಮಾಡುವುದಕ್ಕೆ ಏನೂ ಉಳಿಯುವುದಿಲ್ಲ. ಅಮ್ಮ ಕೊನೇ ದಿನ ಹಣೆ ಮುಟ್ಟಿ ಆಶೀರ್ವಾದ ಮಾಡಿ ಹೋದರು. ಸುಳ್ಳು ಹೇಳಿ ಪಡೆದ ಆಶೀರ್ವಾದ ಅದು ಅಂತ ಅವರ ಕೊರಗು.

ನಾನು ಐಶಾಳನ್ನು ನಂಬುತ್ತೇನೋ ಇಲ್ಲವೋ ಅನ್ನುವುದು ಆ ಅಂಗಳದಲ್ಲಿ ಮುಖ್ಯವೇ ಅಲ್ಲ. ಆ ಕೈ ನಿಜ. ನೀರಿನ ಸದ್ದು ಅವರಿಗೆ ನಿಜ. ಆದರೆ ಇಷ್ಟು ವರ್ಷ ಸಂದಾಯ ಹೋಗಿದ್ದೆಲ್ಲ ಗವಿಗೆ. ಸಲ್ಲಬೇಕಾದವಳು ಬೆಟ್ಟದ ಆಚೆ ಎಲ್ಲೋ ಇದ್ದಳು, ಅವಳ ಬಾಯಿಂದ ಏನೂ ಕೇಳದೆ ಎಲ್ಲರೂ ಅವಳದೇ ತಪ್ಪು ಅಂದುಕೊಂಡಿದ್ದರು. ನನಗೆ ಸಿಟ್ಟು ಬಂದಿತ್ತು. ಅದೇ ಹೊತ್ತಿಗೆ ಎದುರು ಕೂತ ಮನುಷ್ಯನನ್ನು ನೋಡಿ ಕರುಳು ಚುರ್ ಅಂದಿದ್ದೂ ಸುಳ್ಳಲ್ಲ.

ಶನಿವಾರ, ವೊಲುಬಿಲಿಸ್

ಖಾಲ್ತಿ ರೂಮಿನಿಂದ ಹೊರಗೆ ಬರಲಿಲ್ಲ. ಒಬ್ಬಳೇ ಹೋಗಿ ರೋಮನ್ನರ ಹಾಳು ಪಟ್ಟಣ ವೊಲುಬಿಲಿಸ್ ನೋಡಿದೆ. ನೆಲದ ಮೊಸಾಯಿಕ್ ಚಿತ್ರಗಳು ಬಯಲಲ್ಲೇ ಇವೆ. ಗುಡ್ಡದ ಮೇಲೆ ಮೌಲಾಯ್ ಇದ್ರಿಸ್ ಊರು. ಮೊರಾಕ್ಕೊದ ಇದ್ರಿಸಿ ರಾಜವಂಶ ಕಟ್ಟಿದವರ ಗೋರಿ ಅಲ್ಲಿದೆ. ನೋಡಬೇಕಾದ ಜಾಗವೇ, ಆದರೆ ನನ್ನ ಮನಸ್ಸು ಅಲ್ಲಿರಲಿಲ್ಲ.

ರಾತ್ರಿ ಬಾಗಿಲು ತಟ್ಟಿ ಖಾಲ್ತಿ ಕೇಳಿದರು, "ನಾಳೆ ನಮ್ಮ ಜೊತೆ ಬರ್ತೀಯಾ? ಹಳ್ಳಿ ಹೆಸರು ಅಪ್ಪನ ಹಳೇ ಕಾಗದದಲ್ಲಿ ಸಿಕ್ಕಿತು."

ಭಾನುವಾರ, ಅಟ್ಲಾಸ್ ಕಡೆ

ಎಲ್ ಹಾಜೆಬ್, ಅಜ್ರೂ, ಆಮೇಲೆ ದೇವದಾರು ಕಾಡು. ರಸ್ತೆ ಬದಿಯಲ್ಲಿ ಕೋತಿಗಳು. ಕಾರಲ್ಲಿ ಯಾರೂ ಮಾತಾಡಲಿಲ್ಲ. ಹಳ್ಳಿ ತಲುಪಿದಾಗ ಹನ್ನೊಂದು ಗಂಟೆ. ಕಿರಾಣಿ ಅಂಗಡಿಯಲ್ಲಿ ಕೇಳಿದರೆ ಮೂರನೇ ಮನೆ ತೋರಿಸಿದರು. ಅಷ್ಟು ಸುಲಭ ಇತ್ತು.

ಬಾಗಿಲು ತೆಗೆದವರು ಐವತ್ತು ದಾಟಿದ ಹೆಂಗಸು. ಹಿಟ್ಟು ಕಲಸುತ್ತಿದ್ದ ಕೈ. ಎಡತೋಳಿನಲ್ಲಿ ಮಣಿಕಟ್ಟಿನಿಂದ ಮೊಣಕೈವರೆಗೆ ಚರ್ಮ ನಯವಾಗಿ ಹೊಳೆಯುತ್ತಿತ್ತು, ಕೂದಲಿಲ್ಲದೆ, ಬೇರೆಯದೇ ಬಣ್ಣದಲ್ಲಿ. ಖಾಲ್ತಿ ಮನೆ ಹೆಸರು ಹೇಳಿದರು. ಅವರು ಒಂದು ಕ್ಷಣ ನಿಂತು, ಒಳಗೆ ಬನ್ನಿ ಅಂದರು. ಚಹಾ ಇಟ್ಟರು. ಬಂದವರಿಗೆ ಚಹಾ ಕೊಡದೆ ಮಾತು ಶುರು ಮಾಡುವುದು ಈ ಕಡೆಯ ಪದ್ಧತಿ ಅಲ್ಲ.

ಅಣ್ಣ ಎಲ್ಲವನ್ನೂ ಹೇಳಿದರು. ಹೇಳುವಾಗ ಮಡಚಿದ ಕೈಯನ್ನು ಜೇಬಿನಿಂದ ಹೊರಗೆ ತೆಗೆದು ಮೊಣಕಾಲ ಮೇಲೆ ಇಟ್ಟುಕೊಂಡರು.

ಆ ಹೆಂಗಸು ಕೇಳಿ ಮುಗಿಸಿ ಹೇಳಿದ್ದನ್ನು ಖಾಲ್ತಿ ಆಮೇಲೆ ಕಾರಿನಲ್ಲಿ ನನಗೆ ಹೇಳಿದರು. "ನಾನು ಅಂದಿದ್ದೆ ಅಂತ ನನಗೆ ಗೊತ್ತಿತ್ತು. ಆದರೆ ನನ್ನ ಅಮ್ಮನೂ ನಂಬಲಿಲ್ಲ. ನಾನು ಆ ಜನರನ್ನು ಮನೆಗೆ ತಂದವಳು ಅಂತ ಊರೆಲ್ಲ ದೂರ ಇಟ್ಟರು. ಅಮ್ಮ ನನ್ನನ್ನೂ ಸಿದಿ ಅಲಿಗೆ ಕರೆದುಕೊಂಡು ಹೋಗಿ ಕಪ್ಪು ಕೋಳಿ ಕೊಡಿಸಿದರು. ಎಲ್ಲರೂ ಇಲ್ಲ ಇಲ್ಲ ಅಂದಾಗ, ಕೊನೆಗೆ ನನಗೇ ಅನುಮಾನ ಬಂದಿತ್ತು."

ಅಣ್ಣ ಒಂದು ಲಕೋಟೆ ಇಟ್ಟರು. ಅವರು ಬೇಡ ಅನ್ನಲಿಲ್ಲ. ಬಿಚ್ಚಿ, ಎಣಿಸಿ, ಹಿಟ್ಟಿನ ಡಬ್ಬದ ಪಕ್ಕ ಇಟ್ಟುಕೊಂಡರು. ಅದು ಸಂಬಳ. ಆಮೇಲೆ ಅಂಗಳದಲ್ಲಿ ಆಡುತ್ತಿದ್ದ ಮೊಮ್ಮಗನನ್ನು ಕರೆದು ಏನೋ ಹೇಳಿ ಕಳಿಸಿದರು. ಸ್ವಲ್ಪ ಹೊತ್ತಿಗೆ ಅಕ್ಕಪಕ್ಕದ ಮನೆಗಳಿಂದ ಜನ ಬಂದರು. ನಾಲ್ಕು ಹೆಂಗಸರು, ನಾದಿನಿ, ಕೋಲು ಊರಿಕೊಂಡು ಒಬ್ಬ ಮುದುಕಿ. ಎಲ್ಲರೂ ಚಾಪೆ ಮೇಲೆ ಕೂತರು.

"ಈಗ ಇವರ ಮುಂದೆ ಹೇಳು," ಅಂದರು ಅವರು.

ಅಣ್ಣ ಹೇಳಿದರು. ಅವಳು ಬಿಸ್ಮಿಲ್ಲಾ ಅಂದಿದ್ದಳು, ನಾನು ಕೇಳಿಸಿಕೊಂಡಿದ್ದೆ, ನಾನೇ ತಳ್ಳಿದೆ.

ಮುದುಕಿ ಕಿವಿಗೆ ಕೈ ಹಿಡಿದು, ನನಗೆ ಸರಿಯಾಗಿ ಕೇಳಲಿಲ್ಲ, ಇನ್ನೊಂದು ಸಲ ಹೇಳಪ್ಪ ಅಂದಳು. ಅವರು ಎದ್ದು ನಿಂತು ಮತ್ತೆ ಹೇಳಿದರು, ಈ ಸಲ ಜೋರಾಗಿ.